ದೇವರ ಆವು ಮತ್ತು ದೊಡ್ಡಿಯ ಮಣ್ಣು: ಕಂಬಂ ಕಣಿವೆಯ ಕನ್ನಡಿಗರ ಚರಿತ್ರೆಯಿಂದ ಒಂದು ಓದು

ಮಣ್ಣು ಮುಟ್ಟಿದರೆ ಮನಸ್ಸು ಹಗುರಾಗುತ್ತೆ ಅನ್ನೋ ಮಾತು ಈಗ ವಿಜ್ಞಾನದ ಹೆಸರಲ್ಲೂ ಕೇಳಿಬರುತ್ತಿದೆ. ಅದನ್ನು ಕಂಬಂ ಕಣಿವೆಯ ಒಂದು ದಾಖಲೆಯ ಪಕ್ಕ ಇಟ್ಟು ನೋಡೋಣ.

ತೇನಿ, ದಿಂಡಿಗಲ್ ಕಡೆ ಕಾಪ್ಪಿಲಿಯರ್, ಅನುಪ್ಪರ್ ಎಂದು ಕರೆಸಿಕೊಳ್ಳುವ, ಕನ್ನಡ ಮನೆಮಾತಿನ ಒಕ್ಕಲು ಸಮುದಾಯಗಳಿವೆ. 1906ರ ಮದುರಾ ಗೆಜೆಟಿಯರ್ ಕಂಬಂನ ಕಾಪ್ಪಿಲಿಯರ ಒಂದು ದನದ ಹಿಂಡನ್ನು ವರ್ಣಿಸುತ್ತದೆ. ತಮಿಳಿನಲ್ಲಿ 'ತಂಬಿರಾನ್ ಮಾಡು', ಕನ್ನಡದಲ್ಲಿ 'ದೇವರ ಆವು'. ನಾವು ಹಳಗನ್ನಡ ಪಠ್ಯಗಳಲ್ಲಿ ಹುಡುಕುವ ಶಬ್ದ ಅಲ್ಲಿ ಆಡುಮಾತಾಗಿತ್ತು! ಈ ದನಗಳನ್ನು ಉಳುಮೆಗೆ ಕಟ್ಟುತ್ತಿರಲಿಲ್ಲ. ಸತ್ತರೆ ಮಣ್ಣು ಮಾಡುತ್ತಿದ್ದರು. ಪಟ್ಟದ ಹೋರಿ ಸತ್ತಾಗ ಹಿಂಡಿನ ಮುಂದೆ ಕಬ್ಬು ಇಡುತ್ತಿದ್ದರು. ಮುಂದೆ ಬಂದು ಅದನ್ನು ತಿಂದ ಹೋರಿಗೆ ಪಟ್ಟ. ಕಂಬಂನ ಆ ದೊಡ್ಡಿಗೆ ಮಾಟ್ಟು ಪೊಂಗಲ್ ದಿನ ಜನ ಇವತ್ತಿಗೂ ಹೋಗುತ್ತಾರೆ.

ಈಗ ವಿಜ್ಞಾನ. ಮಣ್ಣಿನಲ್ಲಿರುವ 'ಮೈಕೋಬ್ಯಾಕ್ಟೀರಿಯಂ ವ್ಯಾಕೆ' ಎಂಬ ಬ್ಯಾಕ್ಟೀರಿಯಾದ ಮೇಲೆ ಈ ಚರ್ಚೆ ನಿಂತಿದೆ. ('ವ್ಯಾಕ' ಅಂದರೆ ಲ್ಯಾಟಿನ್‌ನಲ್ಲಿ ಆವು.) 2004ರಲ್ಲಿ ಪ್ರಕಟವಾದ ಪ್ರಯೋಗವೊಂದರಲ್ಲಿ, ಕಾಯಿಸಿ ಸಾಯಿಸಿದ ಈ ಬ್ಯಾಕ್ಟೀರಿಯಾದ ಚುಚ್ಚುಮದ್ದು ಶ್ವಾಸಕೋಶ ಕ್ಯಾನ್ಸರ್ ರೋಗಿಗಳ ಆಯುಷ್ಯ ಹೆಚ್ಚಿಸಲಿಲ್ಲ, ಆದರೆ ಬದುಕಿನ ಗುಣಮಟ್ಟ ಸುಧಾರಿಸಿತು. 2007ರಲ್ಲಿ ಕ್ರಿಸ್ಟೋಫರ್ ಲೌರಿ ತಂಡ ಇಲಿಗಳ ಮಿದುಳಿನಲ್ಲಿ ಸೆರೊಟೋನಿನ್ ನರಕೋಶಗಳು ಚುರುಕಾದದ್ದನ್ನು ತೋರಿಸಿತು. ಇದರಿಂದ ನೇರವಾಗಿ 'ಗದ್ದೆಗಿಳಿದರೆ ಖಿನ್ನತೆ ಹೋಗುತ್ತೆ' ಅನ್ನೋದು ದೊಡ್ಡ ಜಿಗಿತ.

ನನಗೆ ಹೆಚ್ಚು ಮುಖ್ಯ ಅನಿಸಿದ್ದು 2018ರ ಜರ್ಮನ್ ಅಧ್ಯಯನ. ದನಕರುಗಳ ನಡುವೆ ಬೆಳೆದ 20 ಗಂಡಸರು, ಸಾಕುಪ್ರಾಣಿ ಇಲ್ಲದೆ ನಗರದಲ್ಲಿ ಬೆಳೆದ 20 ಗಂಡಸರು. ಎಲ್ಲರನ್ನೂ ಒತ್ತಡದ ಪರೀಕ್ಷೆಗೆ ಒಡ್ಡಿದಾಗ ಹಳ್ಳಿಯವರ ದೇಹದ ಉರಿಯೂತದ ಪ್ರತಿಕ್ರಿಯೆ ಕಡಿಮೆ ಇತ್ತು. ಆದರೆ ಹೆಚ್ಚು ಒತ್ತಡ ಅನುಭವಿಸಿದವರೂ ಅವರೇ. ಅಂದರೆ ಕೊಟ್ಟಿಗೆಯ ಧೂಳು ಮೈಯನ್ನು ಕಾದಿರಬಹುದು, ಚಿಂತೆಯನ್ನು ಅಳಿಸಲಿಲ್ಲ.

ಹಾಗಾಗಿ ಕಣಿವೆಯ ರೈತರ ಬಗ್ಗೆ 'ಮಣ್ಣಲ್ಲೇ ಇರ್ತಾರೆ, ನೆಮ್ಮದಿಯಾಗಿರ್ತಾರೆ' ಅನ್ನೋದನ್ನು ನಾನು ಒಪ್ಪಲ್ಲ. 1895ರಲ್ಲಿ ಪೆರಿಯಾರ್ ಅಣೆಕಟ್ಟು ಮುಗಿದ ಮೇಲೆ ಇಲ್ಲಿನ ಬೇಸಾಯವೇ ಬದಲಾಯಿತು. ಈಗಿನ ಪನ್ನೀರ್ ದ್ರಾಕ್ಷಿ ತೋಟಗಳಿಗೆ ಔಷಧಿ ಹೊಡೆಯುತ್ತಾರೆ. ಆ ಮಣ್ಣು ಗೆಜೆಟಿಯರ್ ಕಾಲದ ದೊಡ್ಡಿಯ ಮಣ್ಣಲ್ಲ. ಮಲೆಯ ಮೇವೂ ಕುಗ್ಗಿದೆ: 2021ರಲ್ಲಿ ಮೇಘಮಲೆ ಹುಲಿ ಮೀಸಲು ಪ್ರದೇಶಕ್ಕೆ ಸೇರಿತು, 2022ರಲ್ಲಿ ಮದ್ರಾಸ್ ಹೈಕೋರ್ಟ್ ಇಂಥ ಕಾಡುಗಳಲ್ಲಿ ದನ ಮೇಯಿಸುವುದನ್ನು ತಡೆಯಿತು. ಹುಲಿಗೆ ಕಾಡು ಬೇಕು, ಸರಿ. ಆದರೆ ಮಲೆಗೆ ಹೋಗದ ಹಿಂಡನ್ನು ವರ್ಷವಿಡೀ ಸಾಕುವ ಖರ್ಚು ದನಗಾಹಿಗಳ ತಲೆ ಮೇಲಿದೆ. ಅವರ ಮನಸ್ಸಿನ ಆರೋಗ್ಯ ಕೇಳುವವರು ಮೊದಲು ಇದನ್ನು ಕೇಳಬೇಕು.