ಗುಂಡಿಯ ಕೆಳಗೊಂದು ಹಳೆಯ ಗುಂಡಿ

ಆಸ್ಟ್ರೇಲಿಯಾದ ವಿಕ್ಟೋರಿಯಾ ರಾಜ್ಯದ ಬಲ್ಲರಾಟ್ ಊರಿನಲ್ಲಿ 1970ರಿಂದ ಸಾವರಿನ್ ಹಿಲ್ ಎಂಬ ವಸ್ತುಸಂಗ್ರಹಾಲಯವಿದೆ. ಗಾಜಿನ ಪೆಟ್ಟಿಗೆಯಲ್ಲಿ ಸಾಮಾನಿಟ್ಟು ಚೀಟಿ ಅಂಟಿಸಿದ ಜಾಗವಲ್ಲ ಅದು. 1850ರ ದಶಕದ ಒಂದು ಬೀದಿಯನ್ನೇ ಮತ್ತೆ ಕಟ್ಟಿದ್ದಾರೆ. ಆ ಕಾಲದ ಉಡುಪು ತೊಟ್ಟವರು ಅಲ್ಲಿ ಓಡಾಡುತ್ತಾರೆ, ಕುದುರೆಗಾಡಿ ಹೊಡೆಯುತ್ತಾರೆ; ಟಿಕೆಟು ಕೊಂಡವರು ತಟ್ಟೆ ಹಿಡಿದು ಹಳ್ಳದ ಮರಳಿನಲ್ಲಿ ಚಿನ್ನದ ಕಣ ಹುಡುಕುತ್ತಾರೆ. ಬೆಳಿಗ್ಗೆ ಹೋಗಿ ಸಂಜೆ ಮರಳುವ ಪ್ರವಾಸಕ್ಕೆ ಹೇಳಿ ಮಾಡಿಸಿದ ಏರ್ಪಾಡು. ಬಲ್ಲರಾಟಿಗೆ ಅದು ಒಪ್ಪುತ್ತದೆ, ಏಕೆಂದರೆ ಆ ಊರು ಹುಟ್ಟಿದ್ದೇ ಚಿನ್ನದ ನೂಕುನುಗ್ಗಲಿನಿಂದ. 1851ರಲ್ಲಿ ಸುದ್ದಿ ಹಬ್ಬಿತು. ಹತ್ತು ವರ್ಷದೊಳಗೆ ವಿಕ್ಟೋರಿಯಾದ ಜನಸಂಖ್ಯೆ ಸುಮಾರು 77 ಸಾವಿರದಿಂದ 5 ಲಕ್ಷ 38 ಸಾವಿರಕ್ಕೆ ಏರಿತು. (ಆ ನೆಲದಲ್ಲಿ ಮೊದಲಿನಿಂದ ಇದ್ದವರನ್ನು ಈ ಲೆಕ್ಕ ಸರಿಯಾಗಿ ಎಣಿಸಿಯೇ ಇಲ್ಲ, ಅದು ಬೇರೆ ಮಾತು.) ಒಂದು ದಶಕ, ಒಂದು ಬೀದಿ, ಒಂದು ಹುಚ್ಚು: ನಾಟಕಕ್ಕೆ ಬೇಕಾದದ್ದೆಲ್ಲ ಅಲ್ಲಿ ಸಿದ್ಧವಾಗಿಯೇ ಇತ್ತು.

ಪಕ್ಕದಲ್ಲೇ ಹಟ್ಟಿ, ಮಸ್ಕಿಗಳನ್ನಿಟ್ಟುಕೊಂಡ, ಕನಕಗಿರಿ ಎಂಬ ಹೆಸರಿನ ಊರನ್ನೇ ಹೊಂದಿರುವ ಕೊಪ್ಪಳ ಸೀಮೆಯಲ್ಲಿ ಇಂಥದೊಂದು ಏಕಿರಬಾರದು ಎಂದು ಯಾರಾದರೂ ಕೇಳಿದರೆ ಅದು ನ್ಯಾಯವಾದ ಪ್ರಶ್ನೆ. ಇರಬಹುದು. ಆದರೆ ಬಲ್ಲರಾಟಿನ ಅಚ್ಚನ್ನು ಇಲ್ಲಿ ಒತ್ತಿದರೆ ಮೂಡುವುದು ಸುಳ್ಳು ಚಿತ್ರ. ಕೃಷ್ಣಾ ತುಂಗಭದ್ರೆಗಳ ನಡುವಿನ ಈ ದೋಆಬಿನಲ್ಲಿ ಚಿನ್ನವನ್ನು ಯಾರೂ ಒಂದು ದಿನ ಕಂಡುಹಿಡಿಯಲಿಲ್ಲ, ಅದಕ್ಕಾಗಿ ಜನಸಾಗರ ಹರಿದು ಬರಲೂ ಇಲ್ಲ. ಇಲ್ಲಿ ಚಿನ್ನವೆಂದರೆ ಸಾವಿರಾರು ವರ್ಷ ಬಿಟ್ಟು ಬಿಟ್ಟು ನಡೆದ ಒಂದು ಕಸುಬು. ಹೊಸದಾಗಿ ಕಂಡುಹಿಡಿದೆವೆಂದು ಹೇಳಿಕೊಂಡವರು ನಿಂತದ್ದು ಸಾಮಾನ್ಯವಾಗಿ ಬೇರೆಯವರು ತೋಡಿ ಬಿಟ್ಟ ಗುಂಡಿಯ ಅಂಚಿನಲ್ಲಿ.

ಹಟ್ಟಿಯಿಂದಲೇ ನೋಡೋಣ. ಇಂದಿನ ಹಟ್ಟಿ ಚಿನ್ನದ ಗಣಿ ಕಂಪನಿಯ ಬೇರು 1947ರಲ್ಲಿ ನಿಜಾಮರ ಆಡಳಿತ ಆರಂಭಿಸಿದ ಹೈದರಾಬಾದ್ ಗೋಲ್ಡ್ ಮೈನ್ಸ್‌ನಲ್ಲಿದೆ. ಅದಕ್ಕೂ ಮುಂಚೆ, 20ನೇ ಶತಮಾನದ ಮೊದಲ ಎರಡು ದಶಕ, ಜಾನ್ ಟೇಲರ್ ಬಳಗದ ಬ್ರಿಟಿಷ್ ಕಂಪನಿ ಅಲ್ಲಿ ಗಣಿ ನಡೆಸಿ 1920ರಲ್ಲಿ ಬಾಗಿಲು ಹಾಕಿತು. ಆ ಕಂಪನಿಯ ಎಂಜಿನಿಯರುಗಳು ಕೆಳಕ್ಕೆ ಇಳಿದಂತೆಲ್ಲ ಎದುರಾದದ್ದು ಹಳಬರ ಕೆಲಸ. ಸುಮಾರು 640 ಅಡಿ ಆಳದವರೆಗೆ ಪ್ರಾಚೀನರು ಕಲ್ಲು ಕೊರೆದು ಹೋಗಿದ್ದರು. ಸಿಡಿಮದ್ದು ಇಲ್ಲದ ಕಾಲ ಅದು. ಬಂಡೆಯ ಮುಖಕ್ಕೆ ಕಟ್ಟಿಗೆ ಒಟ್ಟಿ ಬೆಂಕಿ ಹಚ್ಚಿ, ಕಾದ ಕಲ್ಲಿಗೆ ನೀರೆರಚಿ ಬಿರುಕು ಬಿಡಿಸಿ, ಆ ಬಿರುಕಿಗೆ ಉಳಿ ಇಟ್ಟು ಒಡೆಯಬೇಕಿತ್ತು. ಮೇಲೆ ತಂದ ಬಿಳಿಗಲ್ಲನ್ನು ಬಂಡೆಯಲ್ಲಿ ಕೊರೆದ ಒರಳುಗುಣಿಗಳಲ್ಲಿ ಕುಟ್ಟಿ, ಬೀಸಿ, ತೊಳೆಯಬೇಕಿತ್ತು. ಒಂದು ಟನ್ ಕಲ್ಲು ಪುಡಿಯಾದರೆ ಸಿಗುವುದು ಕೆಲವೇ ಗ್ರಾಂ. ಹಳೆಯ ಸುರಂಗದಲ್ಲಿ ಉಳಿದಿದ್ದ ಮರದ ತೊಲೆಗಳನ್ನು ರೇಡಿಯೋ ಕಾರ್ಬನ್ ವಿಧಾನದಿಂದ ಪರೀಕ್ಷಿಸಿದಾಗ ಅವು ಸುಮಾರು ಎರಡು ಸಾವಿರ ವರ್ಷ ಹಳೆಯವು, ಅಂದರೆ ಕ್ರಿಸ್ತಶಕದ ಆರಂಭದ ಆಸುಪಾಸಿನವು ಎಂದು ಗೊತ್ತಾಯಿತು. ಇಷ್ಟು ಆಳಕ್ಕೆ ಇಷ್ಟು ನಿಧಾನದ ವಿಧಾನದಲ್ಲಿ ಇಳಿದದ್ದು ಒಂದು ತಲೆಮಾರಿನ ಕೆಲಸವಲ್ಲ ಎಂದು ಹೇಳಲು ವಿಶೇಷ ಪರಿಣತಿ ಬೇಕಿಲ್ಲ. ಹೈದರಾಬಾದ್ ಸಂಸ್ಥಾನದ ಗಣಿ ಅಧಿಕಾರಿಯಾಗಿದ್ದ ಲಿಯೊನಾರ್ಡ್ ಮನ್ ರಾಯಚೂರು ಸೀಮೆಯ ಹಳೆಯ ಗಣಿಗುಂಡಿಗಳನ್ನೂ ಬೃಹತ್ ಶಿಲಾ ಸಮಾಧಿಗಳನ್ನೂ ಒಟ್ಟಿಗೆ ಗುರುತಿಸುತ್ತ ಹೋದ. ಅವೆರಡರ ನಡುವೆ ಸಂಬಂಧವಿದೆಯೆಂದು ಆತ ನಂಬಿದ್ದ. ಗಂಗಾವತಿಯ ಹಿರೇಬೆಣಕಲ್ ಬೆಟ್ಟದ ಮೇಲೆ ನೂರಾರು ಕಲ್ಮನೆಗಳನ್ನು ಕಟ್ಟಿದ ಜನ ಬಂಡೆಯ ಸ್ವಭಾವ ಬಲ್ಲವರು ಎಂಬುದರಲ್ಲಂತೂ ಸಂಶಯವಿಲ್ಲ. ಆದರೆ ಅವರೇ ಹಟ್ಟಿಯ ಗಣಿಗೂ ಇಳಿದರೆಂದು ಹೇಳುವುದು ಸಾಕ್ಷ್ಯ ಬಿಟ್ಟು ಒಂದು ಹೆಜ್ಜೆ ಮುಂದೆ ಹೋದಂತೆ.

ಇನ್ನೂ ಹಿಂದಕ್ಕೆ ಹೋಗಬಹುದು. ತುಂಗಭದ್ರೆಯ ಆಚೆ ದಡದ ಸೀಮೆಯ ತೆಕ್ಕಲಕೋಟೆಯಲ್ಲಿ ಎಂ. ಎಸ್. ನಾಗರಾಜರಾವ್ ಅವರು 1960ರ ದಶಕದಲ್ಲಿ ನಡೆಸಿದ ಉತ್ಖನನದಲ್ಲಿ ನವಶಿಲಾಯುಗದ ಜನರ ಚಿನ್ನದ ಆಭರಣ ಸಿಕ್ಕಿತು. ಕಲ್ಲಿನ ಕೊಡಲಿ ಹಿಡಿದ, ದನ ಮೇಯಿಸುವ, ಗುಡ್ಡದ ಮೇಲೆ ಗುಡಿಸಲು ಹಾಕಿದ ಜನ ಅವರು. ರಾಜ್ಯ, ನಾಣ್ಯ, ಕಬ್ಬಿಣ ಯಾವುದೂ ಹುಟ್ಟದ ಕಾಲದಲ್ಲಿ ಕಿವಿಗೆ ಚಿನ್ನ ಬಂದಿತ್ತು. ಅದು ಬಹುಶಃ ಆಳದ ಗಣಿಯದಲ್ಲ, ಹಳ್ಳದ ಮರಳು ತೊಳೆದು ಪಡೆದದ್ದು. ಆ ತೊಳೆಯುವ ಕೆಲಸ 19ನೇ ಶತಮಾನದವರೆಗೂ ಈ ಭಾಗದಲ್ಲಿ ನಡೆದೇ ಇತ್ತು. ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ 1874ರಲ್ಲಿ ಡಂಬಳ ಸೀಮೆಯ, ಅಂದರೆ ಕೊಪ್ಪಳದ ಪಶ್ಚಿಮಕ್ಕಿರುವ ಕಪ್ಪತಗುಡ್ಡದ, ಚಿನ್ನದ ಕಲ್ಲುಗಳ ಬಗ್ಗೆ ಬರೆದಾಗ ಆತನಿಗೆ ದಾರಿ ತೋರಿಸಿದ್ದು ಅಲ್ಲಿನ ಜಲಗಾರರ ಅನುಭವ. ದೊಡ್ಡ ಮಳೆ ಹೊಯ್ದು ಗುಡ್ಡದ ಮಣ್ಣು ಹಳ್ಳಕ್ಕೆ ಇಳಿದ ಮೇಲೆ ಸೊರಟೂರಿನಂಥ ಊರುಗಳ ಜಲಗಾರರು ಮರದ ಮರಿಗೆಯಲ್ಲಿ ಮಣ್ಣು ಜಾಲಿಸಿ ಚಿನ್ನದ ಹುಡಿ ತೆಗೆಯುತ್ತಿದ್ದರು. ಉಳಿದ ದಿನಗಳಲ್ಲಿ ಪತ್ತಾರರ ಅಂಗಡಿಯ ಕಸದ ಮಣ್ಣು ತೊಳೆಯುವುದೂ ಇದೇ ಜನರ ಕಸುಬು. ಆ ಜ್ಞಾನ ವರದಿಯಾಗಿ, ನಕ್ಷೆಯಾಗಿ, ಮೂರು ದಶಕದ ನಂತರ ಕಪ್ಪತಗುಡ್ಡದಲ್ಲಿ ಹಲವು ಬ್ರಿಟಿಷ್ ಕಂಪನಿಗಳ ಬಂಡವಾಳವಾಯಿತು. ಕೆಲವೇ ವರ್ಷಗಳಲ್ಲಿ ಅವೆಲ್ಲ ಮುಚ್ಚಿದವು. ಕೋಲಾರದಲ್ಲೂ ಕಥೆ ಬೇರೆಯಲ್ಲ. 1802ರಲ್ಲಿ ಜಾನ್ ವಾರನ್ ಎಂಬ ಸೈನ್ಯಾಧಿಕಾರಿ ಅಲ್ಲಿನ ಚಿನ್ನದ ಬಗ್ಗೆ ತಿಳಿದದ್ದು ಹಳ್ಳಿಗರಿಂದ. ಬಹುಮಾನ ಕೊಡುವೆನೆಂದಾಗ ಅವರು ಅವನ ಕಣ್ಣೆದುರೇ ಮಣ್ಣು ತೊಳೆದು ತೋರಿಸಿದರು. 1870ರ ದಶಕದಲ್ಲಿ ಮೈಕೆಲ್ ಲವೆಲ್ ಎಂಬವನು ಅಲ್ಲಿ ಗಣಿ ತೋಡಲು ಪರವಾನಗಿ ಕೇಳಿದ್ದು ವಾರನ್ನನ ಹಳೆಯ ಬರಹವನ್ನು ಓದಿ.

ಹಾಗಾದರೆ ನೂಕುನುಗ್ಗಲು ನಡೆಯಲೇ ಇಲ್ಲವೇ? ನಡೆಯಿತು, ಆದರೆ ಲಂಡನ್ನಿನ ಷೇರುಪೇಟೆಯಲ್ಲಿ. 1880ರ ಸುಮಾರಿಗೆ ವೈನಾಡಿನ ಚಿನ್ನದ ಹೆಸರಲ್ಲಿ ಅಲ್ಲಿ ಸಾಲು ಸಾಲು ಕಂಪನಿಗಳು ಹುಟ್ಟಿ, ಗಣಿಯಲ್ಲಿ ಹೇಳಿಕೊಳ್ಳುವಂಥದ್ದು ಸಿಗದೆ ಮಲಗಿದವು. ನಮ್ಮ ಸೀಮೆಗೆ ಹೆಚ್ಚು ಸಂಬಂಧಿಸಿದ್ದು ಅದರ ನಂತರದ ಪ್ರಕರಣ. 1886ರಲ್ಲಿ ನಿಜಾಮರ ಸರಕಾರ ಇಡೀ ಸಂಸ್ಥಾನದ ಖನಿಜದ ಹಕ್ಕನ್ನು 99 ವರ್ಷಕ್ಕೆ ಬರೆದುಕೊಟ್ಟಿತು. ಅದರ ಮೇಲೆ ಹೈದರಾಬಾದ್ ಡೆಕ್ಕನ್ ಕಂಪನಿ ನಿಂತಿತು. 10 ಲಕ್ಷ ಪೌಂಡ್ ಬಂಡವಾಳದ ಆ ಕಂಪನಿಯ ಷೇರುಗಳಲ್ಲಿ ಬಹುಪಾಲು ಹಕ್ಕು ಗಿಟ್ಟಿಸಿಕೊಟ್ಟ ಮಧ್ಯಸ್ಥರ ಕೈಸೇರಿತು. ಗದ್ದಲವೆದ್ದು 1888ರಲ್ಲಿ ಬ್ರಿಟಿಷ್ ಸಂಸತ್ತಿನ ಸಮಿತಿಯೇ ವಿಚಾರಣೆಗೆ ಕುಳಿತಿತು. ಅಂದರೆ ಹಟ್ಟಿಯಲ್ಲಿ ಕಂಪನಿಗಳ ಚಿನ್ನ ಮೇಲೆ ಬರುವ ಎಷ್ಟೋ ವರ್ಷ ಮೊದಲೇ ಅದರ ಲಾಭವನ್ನು ಬೇರೆ ಕಡೆ ಹಂಚಿಕೊಂಡಾಗಿತ್ತು. ಬಲ್ಲರಾಟಿನ ಮಾದರಿಯಲ್ಲಿ ವೇಷ ತೊಡಿಸಿ ಆಡಿಸುವುದಾದರೆ ನಮ್ಮ ಪಾತ್ರಧಾರಿಗಳ ಕೈಗೆ ಗುದ್ದಲಿಗಿಂತ ಮೊದಲು ಕರಾರುಪತ್ರ ಕೊಡಬೇಕಾಗುತ್ತದೆ.

ಇಲ್ಲಿ ಒಂದು ಗಟ್ಟಿಯಾದ ಆಕ್ಷೇಪ ಬರುತ್ತದೆ. ಅಶೋಕನ ಶಾಸನಗಳು ಈ ಭಾಗದಲ್ಲೇ ಇಷ್ಟು ದಟ್ಟವಾಗಿರುವುದು ಚಿನ್ನದ ಸೆಳೆತದಿಂದಲ್ಲವೇ? ಅದೂ ಒಂದು ನುಗ್ಗಾಟವೇ ಅಲ್ಲವೇ? ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡು, ಈಚೆ ಮಸ್ಕಿ, ಹೊಳೆ ದಾಟಿದರೆ ನಿಟ್ಟೂರು, ಉಡೇಗೋಳ, ದಕ್ಷಿಣಕ್ಕೆ ಬ್ರಹ್ಮಗಿರಿ, ಪೂರ್ವಕ್ಕೆ ಆಂಧ್ರದ ಎರ್ರಗುಡಿ: ನಕ್ಷೆಯ ಮೇಲೆ ಚುಕ್ಕೆ ಇಟ್ಟರೆ ಹಲವು ಚಿನ್ನದ ಕಲ್ಲಿನ ಪಟ್ಟಿಗಳ ಆಸುಪಾಸಿನಲ್ಲೇ ಬೀಳುತ್ತವೆ. ಬ್ರಹ್ಮಗಿರಿಯ ಶಾಸನ ಹೊರಟದ್ದೇ ಸುವರ್ಣಗಿರಿಯಲ್ಲಿದ್ದ ರಾಜಕುಮಾರನ ಕಡೆಯಿಂದ. ಆ ಸುವರ್ಣಗಿರಿ ನಮ್ಮ ಕನಕಗಿರಿಯೇ ಎಂದು ಶಾಸನತಜ್ಞ ಹುಲ್ಷ್ ಮುಂತಾದವರು ಹೇಳಿದರು. ಮಸ್ಕಿ ಎಂದವರೂ, ಎರ್ರಗುಡಿಯ ಹತ್ತಿರದ ಜೊನ್ನಗಿರಿ ಎಂದವರೂ ಇದ್ದಾರೆ. ಮಸ್ಕಿಯ ಶಾಸನವನ್ನು 1915ರಲ್ಲಿ ಕಂಡವನಂತೂ ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್. ದೇವಾನಾಂಪ್ರಿಯ ಎಂಬ ಬಿರುದಿನ ಜೊತೆಗೆ ಅಶೋಕ ಎಂಬ ಹೆಸರು ಮೊದಲು ಓದಲು ಸಿಕ್ಕಿದ್ದು ಹೀಗೆ ಚಿನ್ನ ಹುಡುಕುವವನ ಕಣ್ಣಿನಿಂದ. ಮೌರ್ಯರಿಗೆ ಈ ನೆಲದ ಚಿನ್ನದ ಮೇಲೆ ಕಣ್ಣಿತ್ತು ಎಂಬುದನ್ನು ಆದ್ದರಿಂದ ಅಲ್ಲಗಳೆಯಬೇಕಾಗಿಲ್ಲ. ಆದರೆ ಕಣ್ಣಿದ್ದದ್ದರಿಂದ ನುಗ್ಗಾಟವಾಯಿತು ಎನ್ನಲಾಗದು. ಆ ಶಾಸನಗಳಲ್ಲಿ ಗಣಿಯ ಮಾತೇ ಇಲ್ಲ. ಧರ್ಮದ ಮಾತಿದೆ, ಅಧಿಕಾರಿಗಳಿಗೆ ಸೂಚನೆಯಿದೆ. ತೆಕ್ಕಲಕೋಟೆಯ ಆಭರಣ ಮೌರ್ಯರಿಗಿಂತ ಸಾವಿರಕ್ಕೂ ಹೆಚ್ಚು ವರ್ಷ ಹಿಂದಿನದು, ಹಟ್ಟಿಯ ತೊಲೆಗಳು ಅವರಿಗಿಂತ ಇನ್ನೂರು ಮುನ್ನೂರು ವರ್ಷ ಈಚಿನವು. ಸಾಮ್ರಾಜ್ಯ ಬಂದದ್ದು ನಡೆಯುತ್ತಿದ್ದ ಕಸುಬಿನ ಮೇಲೆ, ಸಾಮ್ರಾಜ್ಯ ಹೋದ ಮೇಲೂ ಕಸುಬು ನಿಲ್ಲಲಿಲ್ಲ.

ದೋಆಬಿಗಾಗಿ ನಡೆದ ಯುದ್ಧಗಳನ್ನು ಮುಂದಿಡುವವರೂ ಇದ್ದಾರೆ. ವಿಜಯನಗರ ಮತ್ತು ಬಹಮನಿ ರಾಜ್ಯಗಳು ತಲೆಮಾರುಗಟ್ಟಲೆ ಕಾದಾಡಿದ್ದು ಈ ಚಿನ್ನದ ನೆಲಕ್ಕಾಗಿ ಎಂಬ ವಿವರಣೆ ಕೇಳಲು ಚೆನ್ನಾಗಿದೆ. ಆದರೆ 1520ರ ರಾಯಚೂರು ಯುದ್ಧಕ್ಕೆ ಪೋರ್ಚುಗೀಸ್ ವ್ಯಾಪಾರಿ ನುನಿಜ್ ಕೊಡುವ ಕಾರಣದಲ್ಲಿ ಗಣಿಯಿಲ್ಲ: ಕುದುರೆ ತರಲೆಂದು ಕೃಷ್ಣದೇವರಾಯ ಕೊಟ್ಟ 40,000 ಪರ್ದಾವ್ ನಾಣ್ಯದೊಂದಿಗೆ ಒಬ್ಬ ವ್ಯಾಪಾರಿ ಬಿಜಾಪುರದ ಸುಲ್ತಾನನ ಕಡೆಗೆ ಓಡಿಹೋದನಂತೆ. ಕಾದಾಡಿದ್ದು ಟಂಕಿಸಿದ ಚಿನ್ನಕ್ಕೆ, ಕೋಟೆಗೆ, ಎರೆ ಹೊಲಕ್ಕೆ. ಈ ಭಾಗದ ಬರಹಗಳಲ್ಲಿ ಚಿನ್ನ ಕಾಣುವುದೂ ಲೆಕ್ಕವಾಗಿಯೇ. ಎರಂಬರಗೆಯ, ಅಂದರೆ ಇಂದಿನ ಯಲಬುರ್ಗಾದ, ಸಿಂದ ಅರಸರ ಕಾಲದ ದತ್ತಿಗಳು ಗದ್ಯಾಣ, ಪಣ, ಹಾಗ, ವೀಸಗಳಲ್ಲಿ ಎಣಿಕೆಯಾದವು. ಗದ್ಯಾಣ ಟಂಕಿಸುತ್ತಿದ್ದ ಲೊಕ್ಕಿಗುಂಡಿ ಎತ್ತಿನ ಬಂಡಿಯ ದಾರಿಯಲ್ಲೇ ಇತ್ತು. 1112ರಲ್ಲಿ ಇಟಗಿಯಲ್ಲಿ ಮಹಾದೇವ ದೇವಾಲಯ ಕಟ್ಟಿಸಿದ ದಂಡನಾಯಕನ ಹೆಸರು ಕಲ್ಲಿನ ಮೇಲಿದೆ. ಚಿನ್ನ ಕೊಟ್ಟವರು, ಕೊಂಡವರು, ಅಳೆದವರು ಶಾಸನಗಳಲ್ಲಿ ಸಿಗುತ್ತಾರೆ. ಮಣ್ಣು ತೊಳೆದವರನ್ನು ಹುಡುಕಬೇಕಾಗುತ್ತದೆ.

ನಿಧಾನದ ಕಸುಬು ಎಂದ ಮಾತ್ರಕ್ಕೆ ಅದನ್ನು ಮೆಚ್ಚಿ ಹಾಡಬೇಕಿಲ್ಲ. ಹೊಗೆ ತುಂಬಿದ ಸುರಂಗದಲ್ಲಿ ಎಣ್ಣೆದೀಪ ಹಿಡಿದು ಇಳಿದವರು ಇಷ್ಟಪಟ್ಟೇ ಇಳಿದರೆನ್ನಲು ಆಧಾರವಿಲ್ಲ. ಅನುಮತಿಯಿಲ್ಲದೆ ಗಣಿ ತೋಡಿದವರನ್ನು ಕಟ್ಟಿಹಾಕಿ ದುಡಿಸಬೇಕೆಂಬ ವಿಧಿ ಅರ್ಥಶಾಸ್ತ್ರದಲ್ಲೇ ಇದೆ. ಗಣಿಗೆ ಮೇಲ್ವಿಚಾರಕ, ಟಂಕಸಾಲೆಗೆ ಮೇಲ್ವಿಚಾರಕ, ಅಕ್ಕಸಾಲೆಗೆ ಮೇಲ್ವಿಚಾರಕ ಎಂದು ಅಧಿಕಾರಿಗಳ ಸಾಲನ್ನೇ ಹೇಳುವ ಆ ಗ್ರಂಥದಲ್ಲಿ ಗಣಿಯ ಆಳಿಗೆ ಸಿಗುವ ಜಾಗ ಅಷ್ಟೇ. ಹಾಗಾಗಿ ನೂಕುನುಗ್ಗಲು ಇರಲಿಲ್ಲ ಎಂಬುದು ಹೊಗಳಿಕೆಯ ಮಾತಲ್ಲ, ಸಾಕ್ಷ್ಯದ ಮಾತು. ಬಲ್ಲರಾಟಿಗೆ ಹೋದವನು ಅದೃಷ್ಟ ಪರೀಕ್ಷೆಗೆ ಹೋದ. ಹಟ್ಟಿಯ ಆಳಕ್ಕೆ ಇಳಿದವನಿಗೆ ಅಲ್ಲಿನ ಚಿನ್ನದಲ್ಲಿ ಪಾಲಿತ್ತೇ ಎಂಬುದೇ ಪ್ರಶ್ನೆ.

ಪ್ರವಾಸಿಗೆ ಕಣ್ಣಿಗೆ ಕಟ್ಟುವ ಏನಾದರೂ ಬೇಡವೇ ಎಂಬ ಮಾತು ಉಳಿಯುತ್ತದೆ. ಕಟ್ಟಡವಿಲ್ಲದೆಯೂ ಅಂಥ ದಾರಿ ಇಲ್ಲಿದೆ. ಕೊಪ್ಪಳದ ಎರಡು ಶಾಸನಗಳು, ಹಿರೇಬೆಣಕಲ್, ಕನಕಗಿರಿ, ತಾವರಗೇರಾ ದಾಟಿ ಕುಷ್ಟಗಿ ಸೀಮೆಯ ಅಂಚಿನಿಂದ ಮುದಗಲ್, ಲಿಂಗಸುಗೂರು, ಹಟ್ಟಿ, ಮರಳುವಾಗ ಮಸ್ಕಿ: ಬೆಟ್ಟ ಹತ್ತುವ ಆಸೆಯನ್ನು ಒಂದೆರಡು ಕಡೆ ಬಿಟ್ಟರೆ ದಿನದೊಳಗೆ ಮುಗಿಸಬಹುದು. ಕಾಲಿದ್ದವರು ಹಂಪಿ ನೋಡಬೇಕು, ಕಣ್ಣಿದ್ದವರು ಕನಕಗಿರಿ ನೋಡಬೇಕು ಎಂಬ ಗಾದೆಗೆ ಎರಡೂ ಬೇಕಾದ ದಾರಿ ಇದು. ಈ ದಾರಿಯಲ್ಲಿ ಬೀಡನ್ನನ ಹೆಸರಿದ್ದ ಕಡೆ ಜಲಗಾರರ ಮರಿಗೆಯೂ ಇರಲಿ, ಹಟ್ಟಿಯ ನಕ್ಷೆಯಲ್ಲಿ 640 ಅಡಿಯ ಹಳೆಯ ಗೆರೆಯೂ ಇರಲಿ. ಮಣ್ಣು ತೊಳೆದು ತೋರಿಸುವ ಆಟ ಮಾತ್ರ ಸ್ವಲ್ಪ ಕಷ್ಟ. ಹಂಪಿ, ಆನೆಗೊಂದಿಗೆ ಜನ ಹೆಚ್ಚು ಬರುವುದು ಚಳಿಗಾಲದಲ್ಲಿ; ಜಲಗಾರರ ಹಳ್ಳಕ್ಕೆ ನೀರು ಬರುವುದು ಮಳೆಗಾಲದಲ್ಲಿ. ಡಿಸೆಂಬರಿನಲ್ಲಿ ಟಿಕೆಟು ಕೊಂಡವರಿಗೆ ಟ್ಯಾಂಕರಿನ ನೀರೇ ಗತಿ.