ಸೋನಾ ಮಸೂರಿ: ಕೃಷಿನೀತಿ ಮತ್ತು ವಲಸೆ ಕನ್ನಡಿಗರ ಅನ್ನ

ಸಿಡ್ನಿಯ ವಾಯವ್ಯಕ್ಕಿರುವ ದಿ ಪಾಂಡ್ಸ್ ಬಡಾವಣೆಯಲ್ಲಿಯೂ ಮೆಲ್ಬರ್ನಿನ ಹೊರವಲಯಗಳಲ್ಲಿಯೂ ನೆಲೆಸಿದ ಕನ್ನಡ ಕುಟುಂಬಗಳ ನಿತ್ಯದ ಅನ್ನಕ್ಕೆ ಸೋನಾ ಮಸೂರಿ ಅಕ್ಕಿಯೇ ಬಹುಮಟ್ಟಿಗೆ ಆಧಾರ. ಇದನ್ನು ಕೇವಲ ಅಭಿರುಚಿಯ ಫಲವೆಂದು ಬಗೆಯುವುದು ವಾಡಿಕೆಯಾದರೂ, ಆ ಅಭಿರುಚಿ ಬೇರೂರಿದುದು ನೀರಾವರಿ, ಬೆಲೆ ಮತ್ತು ರಫ್ತಿನ ನೀತಿಗಳ ನೆಲದಲ್ಲಿ.

ಈ ಅಕ್ಕಿಯ ಪ್ರಸಿದ್ಧ ತವರಾದ ಕರ್ನಾಟಕದ ಗಂಗಾವತಿ, ಕಾರಟಗಿ, ಸಿಂಧನೂರುಗಳನ್ನು 'ಭತ್ತದ ಕಣಜ'ವೆಂದು ವರ್ಣಿಸುವವರು ತುಂಗಭದ್ರಾ ಯೋಜನೆಯು ಭತ್ತಕ್ಕಾಗಿಯೇ ಹುಟ್ಟಿತೆಂಬ ಭಾವನೆಯನ್ನು ಉಳಿಸಿಬಿಡುತ್ತಾರೆ. ಆದರೆ ವಸ್ತುಸ್ಥಿತಿ ಬೇರೆ. 1945ರಲ್ಲಿ ಆರಂಭವಾಗಿ 1953ರಲ್ಲಿ ನೀರು ಹರಿಸಿದ ಈ ಯೋಜನೆಯ ಉದ್ದೇಶ, ಕ್ಷಾಮಪೀಡಿತ ಸೀಮೆಯ ವಿಶಾಲ ಭೂಭಾಗಕ್ಕೆ ನೀರನ್ನು ತೆಳುವಾಗಿ ಹಂಚಿ ಜೋಳ, ಹತ್ತಿ, ಶೇಂಗಾ ಬೆಳೆಗಳನ್ನು ಕಾಯುವುದಾಗಿತ್ತು. ಭತ್ತಕ್ಕೆ ಗೊತ್ತುಪಡಿಸಿದ ಪಾಲು ಅಲ್ಪ. ಆದರೆ ಕಾಲುವೆ ಬೇಸಾಯದಲ್ಲಿ ಪಳಗಿದ ಕರಾವಳಿ ಆಂಧ್ರದ ರೈತರು ಬಂದು 'ಕ್ಯಾಂಪು'ಗಳೆಂಬ ವಸತಿಗಳನ್ನು ಕಟ್ಟಿಕೊಂಡು, ಕಾಲುವೆಯ ಮೇಲ್ಭಾಗದ ಜಮೀನುಗಳಲ್ಲಿ ಭತ್ತ ನಾಟಿಮಾಡಿದರು. ಸ್ಥಳೀಯ ರೈತರೂ ಅದೇ ಹಾದಿ ಹಿಡಿದರು. ಯಾವ ಬೆಳೆಗೆ ಎಷ್ಟು ಪಾಲೆಂಬ ನಿಯಮ ಕಾಗದದಲ್ಲುಳಿದು, ಕಾಲುವೆಯ ಕೊನೆಭಾಗದ ರೈತರು ನೀರಿಗಾಗಿ ಇಂದಿಗೂ ಹೋರಾಡುತ್ತಿದ್ದಾರೆ. ಜೋಳದ ಸೀಮೆ ಅನ್ನದ ಸೀಮೆಯಾದುದು ಹೀಗೆ: ನೀತಿಯಿಂದಷ್ಟೇ ಅಲ್ಲ, ಅದನ್ನು ಪಾಲಿಸದಿದ್ದುದರಿಂದಲೂ.

ಆಸ್ಟ್ರೇಲಿಯದಲ್ಲಿಯೂ ಭತ್ತವುಂಟು. ನ್ಯೂ ಸೌತ್ ವೇಲ್ಸ್ ಸರಕಾರ 1928ರಲ್ಲಿ ಅಕ್ಕಿ ಮಾರಾಟ ಮಂಡಳಿಯನ್ನು ರಚಿಸಿತು. ಆದರೆ ಅಲ್ಲಿನ ಲೀಟನ್ ಪ್ರದೇಶದ ಮಧ್ಯಮಗಾತ್ರದ ಅಕ್ಕಿಯ ಅನ್ನ ಅಂಟಂಟು. ಚಿತ್ರಾನ್ನಕ್ಕೆ ಬೇಕಾದಂತೆ ಅಗುಳಗುಳಾಗಿ ಬಿಡಿಸಿಕೊಳ್ಳದು. ಆದುದರಿಂದ ವಲಸಿಗರು ಭಾರತದಿಂದ ಬರುವ ಸೋನಾ ಮಸೂರಿಯನ್ನೇ ನೆಚ್ಚಿಕೊಂಡರು.

2023ರ ಜುಲೈ 20ರಂದು ಭಾರತ ಸರಕಾರ, ದೇಶದೊಳಗಿನ ಬೆಲೆಯೇರಿಕೆಯನ್ನು ತಡೆಯಲು, ಸೋನಾ ಮಸೂರಿಯೂ ಸೇರಿದಂತೆ ಬಾಸ್ಮತಿಯೇತರ ಬಿಳಿಯಕ್ಕಿಯ ರಫ್ತನ್ನು ನಿಷೇಧಿಸಿತು. ಸಿಡ್ನಿಯ ದಿನಸಿ ಅಂಗಡಿಯೊಂದು ಗಿರಾಕಿಯೊಬ್ಬರಿಗೆ 5 ಕೆ.ಜಿ. ಮಾತ್ರವೆಂದು ಮಿತಿ ಹಾಕಿತು. ಅದೇ ತಿಂಗಳು ಕರ್ನಾಟಕದಲ್ಲಿ, ಭಾರತೀಯ ಆಹಾರ ನಿಗಮದಿಂದ ಅಕ್ಕಿ ದೊರೆಯದುದರಿಂದ, ರಾಜ್ಯದ ಉಚಿತ ಅಕ್ಕಿ ಯೋಜನೆಯಾದ ಅನ್ನಭಾಗ್ಯದ ಹೆಚ್ಚುವರಿ 5 ಕೆ.ಜಿ.ಗೆ ಬದಲಾಗಿ ಕೆ.ಜಿ.ಗೆ 34 ರೂಪಾಯಿಯಂತೆ ಹಣ ಸಂದಾಯವಾಯಿತು. ಭತ್ತವನ್ನು ಕುದಿಸಿ ಒಣಗಿಸಿ ಮಾಡಿದ ಕುಚ್ಚಲಕ್ಕಿಗೆ ಈ ರಫ್ತು ನಿಷೇಧ ತಗಲಲಿಲ್ಲ; ಆಗಸ್ಟ್ 25ರಿಂದ ಶೇ. 20 ಸುಂಕ ಮಾತ್ರ ಬಿತ್ತು. ಆದುದರಿಂದ ವಲಸಿಗರಲ್ಲಿ ಕುಚ್ಚಲಕ್ಕಿ ಉಣ್ಣುವ ದಕ್ಷಿಣ ಕನ್ನಡದ ಮನೆಯವರಿಗೂ ಬೆಳ್ತಿಗೆ (ಕುದಿಸದ ಬಿಳಿ) ಅಕ್ಕಿ ಉಣ್ಣುವ ಮೈಸೂರಿನವರಿಗೂ ಒಂದೇ ಆಜ್ಞೆ ಬೇರೆಬೇರೆಯಾಗಿ ತಟ್ಟಿತು. ನಿಷೇಧ 2024ರ ಸೆಪ್ಟೆಂಬರ್ 28ರಂದು, ಟನ್ನಿಗೆ 490 ಡಾಲರಿನ ಕನಿಷ್ಠ ಬೆಲೆಯೊಡನೆ, ತೆರವಾಯಿತು. ಆ ಕಟ್ಟಳೆಯೂ ಅಕ್ಟೋಬರಿನಲ್ಲಿ ರದ್ದಾಯಿತು.