ಕಾರ್ಡೀಲಿಯಾ ಸಾಯದೆ ಉಳಿದ ನೂರೈವತ್ತು ವರ್ಷ: ‘ಕಿಂಗ್ ಲಿಯರ್’ ರಂಗಪ್ರಯೋಗದ ಇತಿಹಾಸ

ನಾನು ಒಂಬತ್ತನೆಯ ತರಗತಿಯಲ್ಲಿದ್ದಾಗ ನಮ್ಮ ಶಾಲೆಯ ವಾರ್ಷಿಕೋತ್ಸವಕ್ಕೆಂದು ಕನ್ನಡ ಮೇಷ್ಟ್ರು ಶೇಕ್ಸ್‌ಪಿಯರನ ‘ಕಿಂಗ್ ಲಿಯರ್’ ಕಥೆಯನ್ನು ಅರ್ಧ ಗಂಟೆಯ ನಾಟಕವಾಗಿ ಬರೆದು ಕೊಟ್ಟಿದ್ದರು. ನನಗೆ ಸಿಕ್ಕಿದ್ದು ರಾಜನ ಜೊತೆಗಿರುವ ಕೋಡಂಗಿಯ ಪಾತ್ರ. ಹದಿನೈದು ದಿನ ಶಾಲೆ ಬಿಟ್ಟ ಮೇಲೆ ತಾಲೀಮು ನಡೆಯಿತು. ಕಾರ್ಯಕ್ರಮಕ್ಕೆ ಮೂರು ದಿನ ಇದೆ ಎನ್ನುವಾಗ ಮೇಷ್ಟ್ರು ಎರಡು ಬದಲಾವಣೆ ಮಾಡಿದರು. ಸಮಯ ಸಾಲದೆಂದು ಕೋಡಂಗಿಯ ಪಾತ್ರವನ್ನೇ ಕೈಬಿಟ್ಟರು. ನನಗೆ ಪರದೆ ಎಳೆಯುವ ಕೆಲಸ ಬಂತು. ಕೊನೆಯಲ್ಲಿ ಸಾಯಬೇಕಿದ್ದ ಕಿರಿಯ ಮಗಳು ಸಾಯದೆ, ಅಪ್ಪ ಮಗಳು ಒಂದಾಗುವಂತೆ ತಿದ್ದಿದರು.

ನಾನು ಮುಖ ಊದಿಸಿಕೊಂಡು, “ಕಥೆ ಹಾಗಿಲ್ವಲ್ಲ ಸಾರ್” ಎಂದೆ. ಆ ವರ್ಷ ನಮ್ಮೂರಿನ ಹಿರಿಯರೊಬ್ಬರು ಪ್ರಾಯದ ಮಗಳನ್ನು ಕಳೆದುಕೊಂಡಿದ್ದರು. ವಾರ್ಷಿಕೋತ್ಸವಕ್ಕೆ ಅವರೂ ಬರುವವರಿದ್ದರು. “ಸತ್ತ ಮಗಳನ್ನ ಎತ್ಕೊಂಡು ಬರೋ ಅಪ್ಪನ್ನ ಅವರ ಎದುರಿಗೆ ತೋರಿಸೋಕೆ ನನ್ನ ಕೈಲಾಗಲ್ಲ ಕಣೋ. ಪುಸ್ತಕದಲ್ಲಿ ಹೇಗಿದೆಯೋ ಹಾಗೇ ಇರುತ್ತೆ. ದೊಡ್ಡವನಾದ ಮೇಲೆ ಓದು” ಎಂದರು ಮೇಷ್ಟ್ರು.

ಬಿ.ಇ. ಮುಗಿಸಿ ಕೆಲಸಕ್ಕೆ ಸೇರಿದ ಮೇಲೆ ಆ ಪುಸ್ತಕ ಓದಿದೆ. ಅದರ ಇತಿಹಾಸವನ್ನೂ ಹುಡುಕಿಕೊಂಡು ಓದಿದಾಗ ಆಶ್ಚರ್ಯ ಕಾದಿತ್ತು. ನಮ್ಮ ಮೇಷ್ಟ್ರು ಮಾಡಿದ ಅವೇ ಎರಡು ಬದಲಾವಣೆಗಳನ್ನು 1681ರಲ್ಲಿ ಲಂಡನ್ನಿನ ಕವಿಯೊಬ್ಬ ಮಾಡಿದ್ದ. ಅವನ ಲಿಯರ್ ಸುಮಾರು ಒಂದೂವರೆ ಶತಮಾನ ಇಂಗ್ಲಿಷ್ ರಂಗಭೂಮಿಯನ್ನು ಆಳಿತು. ಒಂದು ರುದ್ರನಾಟಕ ಕಾಲದಿಂದ ಕಾಲಕ್ಕೆ ಹೇಗೆ ಬದಲಾಗುತ್ತದೆ, ಯಾಕೆ ಬದಲಾಗುತ್ತದೆ ಎಂಬುದನ್ನು ತಿಳಿಯಲು ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಕಂಡಿಲ್ಲ.

ಕಥೆಯನ್ನು ಚಿಕ್ಕದಾಗಿ ನೆನಪಿಸಿಕೊಳ್ಳೋಣ. ಬ್ರಿಟನ್ನಿನ ಮುದಿ ರಾಜ ಲಿಯರ್ ರಾಜ್ಯವನ್ನು ಮೂವರು ಹೆಣ್ಣುಮಕ್ಕಳಿಗೆ ಪಾಲು ಮಾಡಲು ಹೊರಡುತ್ತಾನೆ. ಯಾರಿಗೆ ತನ್ನ ಮೇಲೆ ಎಷ್ಟು ಪ್ರೀತಿ ಎಂದು ಬಾಯಿಬಿಟ್ಟು ಹೇಳಬೇಕು ಎನ್ನುತ್ತಾನೆ. ಗಾನೆರಿಲ್ ಮತ್ತು ರೀಗನ್ ಹೊಗಳಿ ಪಾಲು ಪಡೆಯುತ್ತಾರೆ. ಕಿರಿಯವಳಾದ ಕಾರ್ಡೀಲಿಯಾ ಹೊಗಳಲು ಒಪ್ಪದೆ ಬರಿಗೈಯಲ್ಲಿ ಫ್ರಾನ್ಸಿನ ದೊರೆಯ ಕೈಹಿಡಿದು ಹೋಗುತ್ತಾಳೆ. ಹಿರಿಯ ಮಕ್ಕಳಿಬ್ಬರೂ ತಂದೆಯನ್ನು ಬಿರುಗಾಳಿಗೆ ದೂಡುತ್ತಾರೆ; ಅವನಿಗೆ ಬುದ್ಧಿಭ್ರಮಣೆಯಾಗುತ್ತದೆ. ಅವನನ್ನು ಉಳಿಸಲು ಸೈನ್ಯದೊಂದಿಗೆ ಬಂದ ಕಾರ್ಡೀಲಿಯಾ ಸೋತು ಸೆರೆಯಾಗುತ್ತಾಳೆ. ಸೆರೆಮನೆಯಲ್ಲಿ ಅವಳನ್ನು ನೇಣು ಹಾಕುತ್ತಾರೆ. ಅವಳ ಶವವನ್ನು ಎತ್ತಿಕೊಂಡು ಬಂದ ಲಿಯರ್ ಅಲ್ಲೇ ಪ್ರಾಣ ಬಿಡುತ್ತಾನೆ.

ಇಲ್ಲಿ ಒಂದು ವಿಷಯ ಗಮನಿಸಬೇಕು. ಈ ದುಃಖದ ಅಂತ್ಯ ಮೂಲ ಕಥೆಯದಲ್ಲ. ಹನ್ನೆರಡನೆಯ ಶತಮಾನದ ಜೆಫ್ರಿ ಆಫ್ ಮನ್ಮತ್ ಬರೆದ ಬ್ರಿಟನ್ನಿನ ರಾಜರ ಚರಿತ್ರೆಯಲ್ಲಿ ಲಿಯರ್ ಕಿರಿಯ ಮಗಳ ನೆರವಿನಿಂದ ಗೆದ್ದು ಮತ್ತೆ ಸಿಂಹಾಸನ ಏರುತ್ತಾನೆ. 1605ರಲ್ಲಿ ಅಚ್ಚಾದ, ಕರ್ತೃ ಯಾರೆಂದು ತಿಳಿಯದ ಹಳೆಯ ‘ಕಿಂಗ್ ಲೀರ್’ ನಾಟಕದಲ್ಲೂ ತಂದೆ ಮಗಳು ಇಬ್ಬರೂ ಬದುಕುತ್ತಾರೆ. ಆ ಕಥೆ ಗೊತ್ತಿದ್ದ ಪ್ರೇಕ್ಷಕರ ಮುಂದೆ ಶೇಕ್ಸ್‌ಪಿಯರ್ ಅಂತ್ಯವನ್ನು ತಿರುಗಿಸಿದ. ಅವನ ನಾಟಕ 1606ರ ಡಿಸೆಂಬರ್ 26ರಂದು ವೈಟ್‌ಹಾಲ್ ಅರಮನೆಯಲ್ಲಿ ದೊರೆ ಜೇಮ್ಸ್‌ನ ಎದುರು ನಡೆಯಿತು. ಕ್ರಿಸ್‌ಮಸ್ ಹಬ್ಬದ ಮರುದಿನ ಅದು. ಹಬ್ಬದ ದಿನ ಸಾವು ಬೇಡ ಎಂದು ಅಲ್ಲಿ ಯಾರಿಗೂ ಅನ್ನಿಸಲಿಲ್ಲವೋ ಏನೋ!

ನಾಟಕದ ಪಠ್ಯವೂ ಒಂದೇ ಅಲ್ಲ. 1608ರ ಕ್ವಾರ್ಟೊ ಮುದ್ರಣದಲ್ಲಿರುವ ಸುಮಾರು 300 ಸಾಲುಗಳು 1623ರ ಫೋಲಿಯೊದಲ್ಲಿ ಇಲ್ಲ; ಫೋಲಿಯೊದಲ್ಲಿರುವ ಸುಮಾರು 100 ಸಾಲುಗಳು ಕ್ವಾರ್ಟೊದಲ್ಲಿ ಇಲ್ಲ. ಒಂದೇ ಪ್ರೋಗ್ರಾಮಿನ ಎರಡು ವರ್ಷನ್‌ಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವುದು ನನ್ನ ದಿನನಿತ್ಯದ ಕೆಲಸ. ಹಾಗೆ ನೋಡಿದಾಗ ಒಂದು ವ್ಯತ್ಯಾಸ ಮನಸ್ಸಿನಲ್ಲಿ ಉಳಿಯುತ್ತದೆ. ನಾಟಕದಲ್ಲಿ ಗ್ಲಾಸ್ಟರ್ ಎಂಬ ವೃದ್ಧ ಸರದಾರನ ಕಣ್ಣುಗಳನ್ನು ಕೀಳುತ್ತಾರೆ. ಕ್ವಾರ್ಟೊದಲ್ಲಿ ಇಬ್ಬರು ಆಳುಗಳು ಅವನ ಗಾಯಕ್ಕೆ ಮದ್ದು ತರಲು ಹೋಗುತ್ತಾರೆ. ಫೋಲಿಯೊದಲ್ಲಿ ಆ ಕರುಣೆಯ ಮಾತುಗಳೇ ಇಲ್ಲ. ಈ ವ್ಯತ್ಯಾಸಕ್ಕೆ ಮುಂದೆ ಮತ್ತೆ ಬರುತ್ತೇನೆ.

1642ರಲ್ಲಿ ಅಂತರ್ಯುದ್ಧದ ಹೊತ್ತಿಗೆ ಇಂಗ್ಲೆಂಡಿನ ರಂಗಮಂದಿರಗಳು ಮುಚ್ಚಿದವು. ದೊರೆ ಮೊದಲನೆಯ ಚಾರ್ಲ್ಸ್‌ನ ತಲೆ ಉರುಳಿತು. 1660ರಲ್ಲಿ ಅವನ ಮಗ ಎರಡನೆಯ ಚಾರ್ಲ್ಸ್ ಮರಳಿ ಬಂದು ಪಟ್ಟವೇರಿದ ಮೇಲೆ ರಂಗಭೂಮಿ ಮತ್ತೆ ತೆರೆಯಿತು. ಅಲ್ಲಿಯವರೆಗೆ ಹುಡುಗರು ಮಾಡುತ್ತಿದ್ದ ಸ್ತ್ರೀಪಾತ್ರಗಳನ್ನು ಹೆಂಗಸರೇ ಮಾಡತೊಡಗಿದರು. ಈ ಹೊಸ ಕಾಲಕ್ಕೆ ತಕ್ಕಂತೆ ನೇಹಮ್ ಟೇಟ್ ಎಂಬ ಕವಿ 1681ರಲ್ಲಿ ಲಿಯರ್ ನಾಟಕವನ್ನು ತಿದ್ದಿ ಬರೆದ. ಕೋಡಂಗಿಯನ್ನು ತೆಗೆದುಹಾಕಿದ, ಗಂಭೀರ ನಾಟಕದಲ್ಲಿ ನಗೆ ಬೆರೆಸುವುದು ಆ ಕಾಲದ ರುಚಿಗೆ ಒಗ್ಗುತ್ತಿರಲಿಲ್ಲ. ಫ್ರಾನ್ಸಿನ ದೊರೆಯನ್ನೂ ತೆಗೆದು, ಕಾರ್ಡೀಲಿಯಾಗೂ ಗ್ಲಾಸ್ಟರನ ಮಗ ಎಡ್ಗರನಿಗೂ ಪ್ರೇಮ ಹುಟ್ಟಿಸಿದ. ಕೊನೆಯಲ್ಲಿ ಲಿಯರ್ ರಾಜ್ಯವನ್ನು ಮರಳಿ ಪಡೆದು ಅದನ್ನು ಈ ಜೋಡಿಗೆ ಒಪ್ಪಿಸುತ್ತಾನೆ. ದೊರೆಯ ತಲೆ ಹೋದದ್ದನ್ನೂ ದೊರೆತನ ಮರಳಿದ್ದನ್ನೂ ಕಂಡಿದ್ದ ಜನ ಅವರು. ಪಟ್ಟ ಕಳೆದುಕೊಂಡ ರಾಜ ಮತ್ತೆ ಪಟ್ಟಕ್ಕೆ ಬರುವ ಅಂತ್ಯ ಅವರಿಗೆ ಹಿಡಿಸಿದ್ದರಲ್ಲಿ ಅಚ್ಚರಿಯಿಲ್ಲ.

ಆಕ್ಷೇಪಗಳು ಬರಲಿಲ್ಲವೆಂದಲ್ಲ. 1711ರಲ್ಲಿ ಜೋಸೆಫ್ ಅಡಿಸನ್ ತನ್ನ ‘ಸ್ಪೆಕ್ಟೇಟರ್’ ಪತ್ರಿಕೆಯಲ್ಲಿ, ಈ ತಿದ್ದುಪಡಿಯಿಂದ ನಾಟಕ ಅರ್ಧ ಸೊಬಗನ್ನೇ ಕಳೆದುಕೊಂಡಿದೆ ಎಂಬರ್ಥದಲ್ಲಿ ಬರೆದ. ಆದರೆ 1765ರಲ್ಲಿ ಶೇಕ್ಸ್‌ಪಿಯರನ ನಾಟಕಗಳನ್ನು ಸಂಪಾದಿಸಿದ ಮಹಾ ವಿದ್ವಾಂಸ ಸ್ಯಾಮ್ಯುಯೆಲ್ ಜಾನ್ಸನ್ ಜನರ ಪಕ್ಷವನ್ನೇ ಹಿಡಿದ. ಕಾರ್ಡೀಲಿಯಾಳ ಸಾವನ್ನು ಓದಿ ತನಗೆ ಎಂಥ ಆಘಾತವಾಯಿತೆಂದರೆ, ಸಂಪಾದಕನಾಗಿ ತಿದ್ದಬೇಕಾಗಿ ಬರುವವರೆಗೆ ಆ ಕೊನೆಯ ದೃಶ್ಯಗಳನ್ನು ಮತ್ತೆ ಓದುವ ಧೈರ್ಯ ಮಾಡಿದೆನೋ ಇಲ್ಲವೋ ತಿಳಿಯದು ಎಂದು ಅವನು ಒಪ್ಪಿಕೊಂಡಿದ್ದಾನೆ. ಟೇಟನನ್ನು ನೋಡಿ ನಗುವವರು ಜಾನ್ಸನ್‌ನ ಈ ಮಾತನ್ನು ನೆನೆಯಬೇಕು. ಅದು ರುಚಿಯಿಲ್ಲದವನ ಮಾತಲ್ಲ, ನೊಂದವನ ಮಾತು.

ಆ ಕಾಲದ ಅತಿ ದೊಡ್ಡ ನಟ ಡೇವಿಡ್ ಗ್ಯಾರಿಕ್ 1742ರಲ್ಲಿ, ತನ್ನ 25ನೆಯ ವಯಸ್ಸಿನಲ್ಲಿ, ಮೊದಲ ಬಾರಿಗೆ ಮುದುಕ ಲಿಯರನಾದ. 1776ರಲ್ಲಿ ನಿವೃತ್ತನಾಗುವವರೆಗೂ ಆ ಪಾತ್ರವನ್ನು ಬಿಡಲಿಲ್ಲ. ಅವನ ಜೀವನಚರಿತ್ರೆ ಬರೆದ ಆರ್ಥರ್ ಮರ್ಫಿ ಒಂದು ಪ್ರಸಂಗ ಹೇಳುತ್ತಾನೆ. ಗ್ಯಾರಿಕ್‌ನ ಪರಿಚಯದವನೊಬ್ಬ ಕಿಟಕಿಯ ಬಳಿ ಪುಟ್ಟ ಮಗಳನ್ನು ಆಡಿಸುತ್ತಿದ್ದಾಗ ಮಗು ಕೈಜಾರಿ ಕೆಳಗೆ ಬಿದ್ದು ಸತ್ತಿತು. ಆ ತಂದೆಗೆ ಹುಚ್ಚು ಹಿಡಿಯಿತು. ಗ್ಯಾರಿಕ್ ಅವನನ್ನು ಆಗಾಗ ಹೋಗಿ ನೋಡುತ್ತಿದ್ದ. ಲಿಯರನ ಹುಚ್ಚನ್ನು ನಟಿಸಲು ಕಲಿತದ್ದು ಅವನಿಂದಲೇ ಎನ್ನುತ್ತಿದ್ದ. ಮಗಳನ್ನು ಕಳೆದುಕೊಂಡ ತಂದೆಯಿಂದ ನಟನೆ ಕಲಿತ ಈ ನಟ, ಮಗಳು ಸಾಯುವ ದೃಶ್ಯವನ್ನು ಮಾತ್ರ ರಂಗದ ಮೇಲೆ ತರಲಿಲ್ಲ. ಶೇಕ್ಸ್‌ಪಿಯರನ ಹಲವು ಸಾಲುಗಳನ್ನು ಮರಳಿ ತಂದರೂ ಟೇಟನ ಸುಖಾಂತವನ್ನೇ ಉಳಿಸಿಕೊಂಡ.

ಮುಂದೆ ರಾಜಕೀಯವೂ ಅಡ್ಡ ಬಂತು. ದೊರೆ ಮೂರನೆಯ ಜಾರ್ಜ್‌ಗೆ ಬುದ್ಧಿಭ್ರಮಣೆಯಾಗಿ 1811ರಲ್ಲಿ ಅವನ ಮಗ ರಾಜಪ್ರತಿನಿಧಿಯಾದ. ಹುಚ್ಚು ಹಿಡಿದ ಮುದಿ ರಾಜನ ನಾಟಕವನ್ನು ಆ ವರ್ಷಗಳಲ್ಲಿ ಲಂಡನ್ನಿನಲ್ಲಿ ಆಡಲಿಲ್ಲ. 1820ರಲ್ಲಿ ದೊರೆ ತೀರಿಕೊಂಡ ಮೇಲಷ್ಟೇ ಲಿಯರ್ ಮತ್ತೆ ರಂಗಕ್ಕೆ ಬಂದ.

1823ರಲ್ಲಿ ಎಡ್ಮಂಡ್ ಕೀನ್ ಎಂಬ ನಟ ಡ್ರೂರಿ ಲೇನ್ ರಂಗಮಂದಿರದಲ್ಲಿ ದುರಂತ ಅಂತ್ಯವನ್ನು ಮರಳಿ ತಂದ. ಆದರೆ ಪ್ರೇಮಕಥೆ ಉಳಿದೇ ಇತ್ತು, ಕೋಡಂಗಿ ಬಂದಿರಲಿಲ್ಲ. ಜನ ಒಪ್ಪದ ಕಾರಣ ಕೆಲವೇ ಪ್ರದರ್ಶನಗಳ ಬಳಿಕ ಹಳೆಯ ಸುಖಾಂತಕ್ಕೇ ಮರಳಬೇಕಾಯಿತು. ಕೊನೆಗೆ 1838ರ ಜನವರಿಯಲ್ಲಿ ವಿಲಿಯಂ ಮೆಕ್ರೆಡಿ ಕವೆಂಟ್ ಗಾರ್ಡನ್ ರಂಗಮಂದಿರದಲ್ಲಿ ಟೇಟನ ಪಠ್ಯವನ್ನು ಪೂರ್ತಿ ಬಿಟ್ಟ. ಕೋಡಂಗಿ ಬೇಸರ ತರಿಸಿಯಾನು ಎಂದು ಅವನಿಗೂ ಅಂಜಿಕೆಯಿತ್ತು. ಆ ಪಾತ್ರವನ್ನು ಹೆಣ್ಣೊಬ್ಬಳಿಂದ ಮಾಡಿಸಬಹುದೆಂದು ಸಹನಟನೊಬ್ಬ ಸೂಚಿಸಿದ. ಪ್ರಿಸಿಲ್ಲಾ ಹಾರ್ಟನ್ ಎಂಬ ತರುಣಿ ಕೋಡಂಗಿಯಾದಳು. ಹೀಗೆ 157 ವರ್ಷಗಳ ನಂತರ ಕೋಡಂಗಿ ರಂಗಕ್ಕೆ ಮರಳಿದ. ಮೂರೇ ದಿನ ಮೊದಲು ಆ ಪಾತ್ರ ಕಳೆದುಕೊಂಡಿದ್ದ ನನಗೆ ಇದನ್ನು ಓದಿ ಎಷ್ಟು ಸಮಾಧಾನವಾಗಿರಬೇಕು, ನೀವೇ ಊಹಿಸಿ!

ಇಪ್ಪತ್ತನೆಯ ಶತಮಾನದ ಕಥೆ ಬೇರೆ. 1935ರಲ್ಲಿ ಮಾಸ್ಕೋದ ಯಹೂದಿ ರಂಗಭೂಮಿಯಲ್ಲಿ ಸಾಲೊಮನ್ ಮಿಖೋಯೆಲ್ಸ್ ಯಿಡ್ಡಿಷ್ ಭಾಷೆಯಲ್ಲಿ ಲಿಯರನಾದ. ಬೆಂಜಮಿನ್ ಜುಸ್ಕಿನ್ ಕೋಡಂಗಿಯಾದ. 1948ರಲ್ಲಿ ಸ್ಟಾಲಿನ್‌ನ ಆಜ್ಞೆಯಂತೆ ಮಿಖೋಯೆಲ್ಸ್‌ನನ್ನು ಕೊಂದು, ರಸ್ತೆ ಅಪಘಾತವೆಂದು ತೋರಿಸಲಾಯಿತು. 1952ರಲ್ಲಿ ಜುಸ್ಕಿನ್‌ಗೆ ಮರಣದಂಡನೆಯಾಯಿತು. ಇಂಥ ಕಾಲದಲ್ಲಿ ಸುಖಾಂತವನ್ನು ನಂಬುವವರು ಯಾರು?

ಎರಡು ಮಹಾಯುದ್ಧಗಳನ್ನು ಕಂಡ ಯುರೋಪಿಗೆ ಟೇಟನ ಅಂತ್ಯ ಮಾತ್ರವಲ್ಲ, ಶೇಕ್ಸ್‌ಪಿಯರನ ಸಣ್ಣಪುಟ್ಟ ಸಾಂತ್ವನವೂ ಸುಳ್ಳೆನಿಸತೊಡಗಿತು. 1962ರಲ್ಲಿ ಪೀಟರ್ ಬ್ರೂಕ್, ಪಾಲ್ ಸ್ಕೋಫೀಲ್ಡ್‌ನನ್ನು ಲಿಯರನನ್ನಾಗಿ ಮಾಡಿ ಆಡಿಸಿದ ನಾಟಕದಲ್ಲಿ ಗ್ಲಾಸ್ಟರನಿಗೆ ಮದ್ದು ತರುವ ಆಳುಗಳು ಇರಲಿಲ್ಲ. ಕುರುಡ ಗ್ಲಾಸ್ಟರ್ ತಡವರಿಸುತ್ತ ಹೋಗುತ್ತಿದ್ದಂತೆ ಪ್ರೇಕ್ಷಾಂಗಣದ ದೀಪಗಳು ಬೆಳಗಿ, ಅದನ್ನು ಸುಮ್ಮನೆ ನೋಡುತ್ತ ಕುಳಿತವರ ಮುಖಗಳು ಕಾಣುತ್ತಿದ್ದವು. ಟೇಟ್ ಸಂಕಟವನ್ನು ಕಡಿಮೆ ಮಾಡಲು ಕತ್ತರಿ ಹಿಡಿದರೆ, ಬ್ರೂಕ್ ಸಾಂತ್ವನವನ್ನು ಕಡಿಮೆ ಮಾಡಲು ಹಿಡಿದ. 1985ರಲ್ಲಿ ಜಪಾನಿನ ಅಕಿರಾ ಕುರೊಸಾವಾ ‘ರಾನ್’ ಚಿತ್ರದಲ್ಲಿ ಮೂವರು ಹೆಣ್ಣುಮಕ್ಕಳ ಬದಲು ಮೂವರು ಗಂಡುಮಕ್ಕಳನ್ನು ತಂದ. ಅವನ ಮುದಿ ದೊರೆ ಹಿಂದೆ ಕೋಟೆಗಳನ್ನು ಸುಟ್ಟು, ಮನೆತನಗಳನ್ನು ನಾಶ ಮಾಡಿದವನು. ಈ ಮುದುಕ ಮೊದಲು ಏನೇನು ಮಾಡಿದ್ದ ಎಂದು ಶೇಕ್ಸ್‌ಪಿಯರ್ ಕೇಳದ ಪ್ರಶ್ನೆಯನ್ನು ಕುರೊಸಾವಾ ಕೇಳಿದ.

ನಮ್ಮ ಕನ್ನಡಕ್ಕೂ ಲಿಯರ್ ಬಹಳ ಹಿಂದೆಯೇ ಬಂದಿದ್ದಾನೆ. ಎಂ.ಎಸ್. ಪುಟ್ಟಣ್ಣನವರು ಅವನ ಕಥೆಯನ್ನು ‘ಹೇಮಚಂದ್ರರಾಜ ವಿಲಾಸ’ವಾಗಿ ಮಾರ್ಪಡಿಸಿದರು, ಮಾಸ್ತಿಯವರು ಅನುವಾದಿಸಿದರು. ಆದರೆ ಅಂತ್ಯವನ್ನು ಬದಲಿಸುವ ವಿಷಯದಲ್ಲಿ ನೆನೆಯಬೇಕಾದವರು ಬಿ.ಎಂ.ಶ್ರೀ. ಅವರು 1929ರಲ್ಲಿ ಗ್ರೀಕ್ ಕವಿ ಸೊಫೊಕ್ಲಿಸ್‌ನ ‘ಏಜಾಕ್ಸ್’ ಮಾದರಿಯಲ್ಲಿ ‘ಅಶ್ವತ್ಥಾಮನ್’ ಬರೆದರು. ನಮ್ಮ ಪರಂಪರೆಯಲ್ಲಿ ಅಶ್ವತ್ಥಾಮ ಚಿರಂಜೀವಿ. ಬಿ.ಎಂ.ಶ್ರೀ.ಯವರ ನಾಟಕದಲ್ಲಿ ಅವನು ಸಾಯುತ್ತಾನೆ. ಟೇಟ್ ಸಾಯಬೇಕಾದವಳನ್ನು ಬದುಕಿಸಿದ, ಬಿ.ಎಂ.ಶ್ರೀ. ಸಾವಿಲ್ಲದವನಿಗೆ ಸಾವು ಕೊಟ್ಟರು. ನಾಟಕ ಸುಖವಾಗಿ ಮುಗಿಯಬೇಕೆಂಬ ರೂಢಿಯಿದ್ದ ನಾಡಿಗೆ ರುದ್ರನಾಟಕದ ಅನುಭವ ಬೇಕೆಂದು ಅವರಿಗೆ ಅನ್ನಿಸಿತ್ತು.

ಇಷ್ಟೆಲ್ಲ ಓದಿದ ಮೇಲೆ ನನಗೆ ಮುಖ್ಯವೆನಿಸಿದ್ದು ಒಂದು ಸಂಗತಿ. ಟೇಟನ ನಾಟಕ ರಂಗವನ್ನು ಆಳಿದ ಆ ನೂರೈವತ್ತು ವರ್ಷಗಳಲ್ಲೂ ಶೇಕ್ಸ್‌ಪಿಯರನ ಮೂಲ ನಾಟಕ ಅಚ್ಚಾಗುತ್ತಲೇ ಇತ್ತು. ಜನ ರಂಗದ ಮೇಲೆ ಒಂದು ಅಂತ್ಯ ನೋಡುತ್ತಿದ್ದರು, ಮನೆಯಲ್ಲಿ ಇನ್ನೊಂದು ಅಂತ್ಯ ಓದುತ್ತಿದ್ದರು. ಪುಸ್ತಕ ಉಳಿದಿದ್ದರಿಂದಲೇ ಮೆಕ್ರೆಡಿಗೆ ಮೂಲಕ್ಕೆ ಮರಳಲು ಸಾಧ್ಯವಾಯಿತು. ಪ್ರಯೋಗ ಆಯಾ ಕಾಲದ ಜನರಿಗಾಗಿ; ಅವರ ಭಯ, ರುಚಿ, ನೋವುಗಳಿಗೆ ತಕ್ಕಂತೆ ಅದು ಬದಲಾಗುತ್ತದೆ. ಹಾಗೆ ಬದಲಾಗುವುದು ತಪ್ಪಲ್ಲ. ಆದರೆ ಮೂಲ ಕೃತಿ ಕಪಾಟಿನಲ್ಲಿ ಇರಬೇಕು, ಅದನ್ನು ತೆಗೆದು ಓದುವವರೂ ಇರಬೇಕು.

ಅಂದು ನಮ್ಮ ಮೇಷ್ಟ್ರ ಮೇಲೆ ನನಗೆ ಬಂದಿದ್ದ ಸಿಟ್ಟು ಈಗ ಇಲ್ಲ. ಮುಂದಿನ ಸಾಲಿನಲ್ಲಿ ಕುಳಿತ ಒಬ್ಬ ತಂದೆಯ ಸಲುವಾಗಿ ಅವರು ಶೇಕ್ಸ್‌ಪಿಯರನನ್ನು ತಿದ್ದಿದರು. ಅದೇ ಗಳಿಗೆಯಲ್ಲಿ ಒಬ್ಬ ವಿದ್ಯಾರ್ಥಿಗೆ ಮೂಲ ಪುಸ್ತಕದ ದಾರಿಯನ್ನೂ ತೋರಿಸಿದರು. ಈಗ ಶಾಲೆಯಲ್ಲಿ ಓದುತ್ತಿರುವ ತಮ್ಮ ತಂಗಿಯರಿಗೆ ನನ್ನದೊಂದು ಮಾತು: ವಾರ್ಷಿಕೋತ್ಸವದಲ್ಲಿ ನೀವು ಯಾವ ನಾಟಕವನ್ನೇ ಆಡಿ, ನಮ್ಮೂರಿನ ಜನರ ಮನಸ್ಸು ನೋಡಿಕೊಂಡೇ ಆಡಿ. ಮಾರನೆಯ ದಿನ ಮಾತ್ರ ಗ್ರಂಥಾಲಯದ ಬೀರು ತೆಗೆಸಿ, ಅದರ ಕೊನೆಯ ಪುಟವನ್ನು ಓದಿ.